ಬಿತ್ತನೆಯ ಬತ್ತ

ಕೃಷ್ಣರಾಜನಗರದ ಸೀಮೆಯನ್ನು ಬತ್ತದ ಕಣಜವೆಂದು ಕರೆಯುವುದು ವಾಡಿಕೆ. ಆ ಸೀಮೆಯ ಹೊಸ ಅಗ್ರಹಾರದಲ್ಲಿ ಸುಗ್ಗಿ ಮುಗಿದು, ಕಣದ ಕೆಲಸ ತೀರಿ, ಬತ್ತ ಮನೆ ಸೇರುವ ಹೊತ್ತಿಗೆ ಹಿರಿಯರು ತಪ್ಪದೆ ಮಾಡುತ್ತಿದ್ದ ಕೆಲಸವೊಂದಿತ್ತು. ಉಣ್ಣುವ ಬತ್ತವನ್ನು ಅಳೆಯುವುದಕ್ಕೆ ಮುಂಚೆ ಬಿತ್ತನೆಯ ಬತ್ತವನ್ನು ತೆಗೆದು ಬೇರೆ ಇಡುತ್ತಿದ್ದರು. ಒಳ್ಳೆಯ ತೆನೆಯ ಕಾಳು, ಚೆನ್ನಾಗಿ ಒಣಗಿದ್ದು. ಅದಕ್ಕೆ ಬೇರೆ ಮೂಟೆ, ಬೇರೆ ಜಾಗ. ಕಣಜಕ್ಕೆ ಇಲಿ ಬಿದ್ದರೂ, ಸೂರು ಸೋರಿದರೂ ಬಿತ್ತನೆಯ ಕಾಳಿಗೆ ಕೇಡು ತಟ್ಟಬಾರದು. ಮನೆಯಲ್ಲಿ ಎಷ್ಟೇ ಬಡತನವಿರಲಿ, ಅದನ್ನು ಕುಟ್ಟಿ ಉಣ್ಣುವ ಮಾತಿಲ್ಲ. ಈಗ ಬೀಜವನ್ನು ಅಂಗಡಿಯಿಂದಲೋ ರೈತ ಸಂಪರ್ಕ ಕೇಂದ್ರದಿಂದಲೋ ತರುವವರೇ ಹೆಚ್ಚು. ಪದ್ಧತಿ ಹಿಂದೆ ಸರಿದಿದೆ. ಪದ್ಧತಿಯೊಡನೆ ಅದರ ಹಿಂದಿನ ವಿವೇಕವೂ ಮರೆತುಹೋದರೆ ಏನಾದೀತೆಂಬುದನ್ನು ಅದೇ ಊರಿನ ನಿವೃತ್ತ ಮೇಷ್ಟರೊಬ್ಬರು, ಬತ್ತದ ವಿಷಯದಲ್ಲಲ್ಲ, ಮನೆಯ ಕಂಪ್ಯೂಟರಿನ ವಿಷಯದಲ್ಲಿ ಕಲಿಯಬೇಕಾಯಿತು.

ಮೇಷ್ಟರು ಹಳೆಯ ಕಾಲದ ಮನುಷ್ಯರಾದರೂ ಹೊಸತನ್ನು ಕಂಡು ಹೆದರುವವರಲ್ಲ. ನಿವೃತ್ತಿಯಾದ ವರ್ಷವೇ ಕಂಪ್ಯೂಟರು ಕೊಂಡರು. ಎರಡು ಬೆರಳಿನಲ್ಲಿ ಕನ್ನಡ ಟೈಪು ಮಾಡುವುದನ್ನು ಕಲಿತರು. ಅವರಿಗೆ ಅದರಿಂದ ಆಗಬೇಕಾಗಿದ್ದ ಕೆಲಸ ಒಂದೇ. ಅವರ ಮನೆಯಾಕೆಗೆ ಸೋಬಾನೆಯ ಪದಗಳು, ಹಸೆಗೆ ಕರೆಯುವ ಹಾಡುಗಳು, ಬೀಸುವಾಗಿನ ಪದಗಳು ನೂರಾರು ಬರುತ್ತಿದ್ದವು. ಆಕೆ ಶಾಲೆಗೆ ಹೋದದ್ದು ಅಷ್ಟರಲ್ಲೇ ಇತ್ತು. ಹಾಡುಗಳನ್ನೆಲ್ಲ ಕಲಿತದ್ದು ಅತ್ತೆಯಿಂದ, ಅಜ್ಜಿಯಿಂದ. ಸಂಜೆ ದೀಪ ಹಚ್ಚಿದ ಮೇಲೆ ಆಕೆ ಸೊಪ್ಪು ಸೋಸುತ್ತ ಹಾಡುವುದು, ಇವರು ಮೊದಲು ನೋಟುಪುಸ್ತಕದಲ್ಲಿ ಬರೆದುಕೊಂಡು ಅನಂತರ ಟೈಪು ಮಾಡುವುದು. ಕಡೆಕಡೆಗೆ ಫೋನಿನಲ್ಲಿ ಧ್ವನಿಯನ್ನೂ ಹಿಡಿದಿಟ್ಟು ಕಂಪ್ಯೂಟರಿಗೆ ತುಂಬತೊಡಗಿದರು. ಹೀಗೆ ಆರು ವರ್ಷ ನಡೆಯಿತು. ನೋಟುಪುಸ್ತಕಗಳನ್ನು ಅಟ್ಟದ ಮೇಲೆ ಹಾಕಿದರು. ಅವನ್ನು ಗೆದ್ದಲು ತಿಂದಿತು. ಮೇಷ್ಟರು ಅದಕ್ಕಾಗಿ ಹೆಚ್ಚು ಕೊರಗಲಿಲ್ಲ. “ಎಲ್ಲಾ ಕಂಪ್ಯೂಟರಲ್ಲಿದೆಯಲ್ಲ” ಎಂದರು. ಮರುವರ್ಷದ ಕಾರ್ತಿಕದಲ್ಲಿ ಆಕೆ ತೀರಿಕೊಂಡರು. ಹಾಡು, ಧ್ವನಿ ಎರಡೂ ಆ ಪೆಟ್ಟಿಗೆಯೊಳಗೆ ಉಳಿದವು.

ಮಾಘಮಾಸದಲ್ಲಿ ರಜಕ್ಕೆ ಬಂದ ನೆಂಟರ ಹುಡುಗನೊಬ್ಬ, ದುಡ್ಡು ಕೊಟ್ಟು ಕೊಳ್ಳಬೇಕಾದ ಯಾವುದೋ ಆಟವನ್ನು ಬಿಟ್ಟಿಯಾಗಿ ಎಲ್ಲಿಂದಲೋ ಇಳಿಸಿ ಆ ಯಂತ್ರಕ್ಕೆ ಹಾಕಿದ. ಆಟವೇನೋ ಆಡಿತು. ಎರಡು ದಿನ ಕಳೆದ ಮೇಲೆ ಮೇಷ್ಟರು ಕುಳಿತು ನೋಡುತ್ತಾರೆ, ಒಂದು ಕಡತವೂ ತೆರೆಯದು. ಪ್ರತಿಯೊಂದು ಹೆಸರಿನ ಬಾಲಕ್ಕೂ ಅರ್ಥವಿಲ್ಲದ ನಾಲ್ಕಕ್ಷರ ಅಂಟಿಕೊಂಡಿವೆ. ತೆರೆಯ ಮೇಲೆ ಇಂಗ್ಲಿಷಿನಲ್ಲಿ ಒಂದು ಓಲೆ: ಕಡತಗಳಿಗೆಲ್ಲ ಬೀಗ ಹಾಕಲಾಗಿದೆ, ಕೀಲಿಕೈ ಬೇಕಾದರೆ ಇಷ್ಟು ಹಣ ಕಳುಹಿಸತಕ್ಕದ್ದು.

ಇದಕ್ಕೆ ರ್ಯಾನ್ಸಮ್‌ವೇರ್ ಎಂದು ಹೆಸರು, ಒತ್ತೆಹಣದ ತಂತ್ರಾಂಶವೆನ್ನಬಹುದು. ಮನೆಗೆ ಕನ್ನ ಹಾಕಿದ ಕಳ್ಳ ಒಡವೆಯನ್ನು ಹೊತ್ತೊಯ್ಯದೆ, ಅದೇ ಮನೆಯ ಪೆಟ್ಟಿಗೆಗೆ ತನ್ನ ಬೀಗ ಜಡಿದು ಹೋಗುವ ರೀತಿ ಇದು. 2017ರ ಮೇ ತಿಂಗಳಿನಲ್ಲಿ ‘ವಾನಾಕ್ರೈ’ ಎಂಬ ಇಂಥದೇ ಪಿಡುಗು ನೂರೈವತ್ತು ದೇಶಗಳಿಗೆ ಹಬ್ಬಿ ಎರಡು ಲಕ್ಷಕ್ಕೂ ಹೆಚ್ಚು ಕಂಪ್ಯೂಟರುಗಳನ್ನು ಹಿಡಿಯಿತು. ಇಂಗ್ಲೆಂಡಿನ ಸರ್ಕಾರಿ ಆಸ್ಪತ್ರೆಗಳು ರೋಗಿಗಳನ್ನು ಹಿಂದಕ್ಕೆ ಕಳುಹಿಸಬೇಕಾಯಿತು. ಅದು ನುಗ್ಗಿದ ಬಿರುಕನ್ನು ಮುಚ್ಚುವ ಪರಿಷ್ಕರಣೆಯನ್ನು ಮೈಕ್ರೋಸಾಫ್ಟ್ ಸಂಸ್ಥೆ ಎರಡು ತಿಂಗಳ ಮುಂಚೆ, ಮಾರ್ಚಿಯಲ್ಲೇ, ಹೊರಡಿಸಿತ್ತು. ಹಾಕಿಕೊಂಡವರು ಉಳಿದರು, ‘ಆಮೇಲೆ’ ಎಂಬ ಗುಂಡಿಯನ್ನು ಒತ್ತಿದವರು ಸಿಕ್ಕಿಬಿದ್ದರು. ಮೇಷ್ಟರೂ ವರ್ಷಗಟ್ಟಲೆ ಆ ಗುಂಡಿಯನ್ನೇ ಒತ್ತಿದವರು.

ಮೇಷ್ಟರು ಪೂರ್ತಿ ಅಜಾಗರೂಕರಾಗಿದ್ದರೆಂದು ಹೇಳುವಂತಿಲ್ಲ. ಅವರ ಬಳಿ ಎರಡು ಮರುಪ್ರತಿಗಳಿದ್ದವು. ಒಂದು, ಹೊರಗಿನಿಂದ ಜೋಡಿಸುವ ಹಾರ್ಡ್‌ ಡಿಸ್ಕು. ಆದರೆ ಅದು ಹಗಲೂ ರಾತ್ರಿ ಕಂಪ್ಯೂಟರಿಗೆ ತಗುಲಿಕೊಂಡೇ ಇತ್ತು. ಕೇಡು ತಂತಿಯ ಮೂಲಕ ಅದಕ್ಕೂ ಹರಿದು, ಅಲ್ಲಿನ ಪ್ರತಿಗಳಿಗೂ ಬೀಗ ಬಿತ್ತು. ಇನ್ನೊಂದು, ಅಂತರಜಾಲದ ಮೋಡದಲ್ಲಿ, ಎಂದರೆ ದೂರದ ಸಂಸ್ಥೆಯೊಂದರ ಭಂಡಾರದಲ್ಲಿ ಇದ್ದದ್ದು. ಅದೂ ನಿಜವಾದ ಪ್ರತಿಯಾಗಿರಲಿಲ್ಲ, ಕನ್ನಡಿಯಾಗಿತ್ತು. ಮನೆಯಲ್ಲಿ ಕಡತ ಬದಲಾದರೆ ಅಲ್ಲಿಯೂ ಬದಲಾಗುತ್ತದೆ. ಇಲ್ಲಿ ಅಳಿಸಿದರೆ ಅಲ್ಲಿಯೂ ಅಳಿಯುತ್ತದೆ. ಮನೆಯ ಕಡತಗಳು ಕೆಟ್ಟ ಕೂಡಲೇ ಕನ್ನಡಿ ಆ ಕೆಟ್ಟ ರೂಪವನ್ನೇ ವಿಧೇಯವಾಗಿ ತೋರಿಸಿತು.

ಇಷ್ಟಾದರೂ ದಾರಿಯೊಂದು ಉಳಿದಿತ್ತು. ಇಂಥ ಭಂಡಾರಗಳಲ್ಲಿ ಹಲವು, ಕಡತದ ಹಿಂದಿನ ರೂಪಗಳನ್ನು ಕೆಲವು ದಿನ ಕಾದಿಟ್ಟಿರುತ್ತವೆ. ಮೇಷ್ಟರ ಸೇವೆಯಲ್ಲಿ ಆ ಅವಧಿ 30 ದಿನ. ಕೂಡಲೇ ತಿಳಿದವರನ್ನು ಕೇಳಿದ್ದರೆ ಎಲ್ಲವೂ ಮರಳಿ ಬರುತ್ತಿತ್ತು. ಮೇಷ್ಟರು ಯಾರಿಗೂ ಹೇಳಲಿಲ್ಲ. ನಾಚಿಕೆ ಅವರ ಬಾಯಿ ಕಟ್ಟಿತು. ಬಾಗಿಲು ಹಾಕಿಕೊಂಡು ದಿನವೂ ಅದರ ಮುಂದೆ ಕುಳಿತು, ಇಂದಾದರೂ ತೆರೆದೀತೇನೋ ಎಂದು ಒತ್ತಿ ಒತ್ತಿ ನೋಡಿದರು. ಮೈಸೂರಿನಲ್ಲಿರುವ ಮಗಳು ಶಿವರಾತ್ರಿಯೂ ಕಳೆದ ಮೇಲೆ ಊರಿಗೆ ಬಂದಾಗಲೇ ವಿಷಯ ಹೊರಬಿದ್ದದ್ದು.

“ಎಷ್ಟು ದಿನ ಆಯ್ತಪ್ಪ?”

“ನಲವತ್ತೊಂದು ದಿವಸ ಕಣಮ್ಮ.”

“ಒಂದು ಫೋನು ಮಾಡ್ಬಾರದಿತ್ತಾ?”

“ಮಾಡಿದ್ರೆ ನೀನು ಅಮ್ಮನ ಹಾಡು ಏನಾಯ್ತು ಅಂತ ಕೇಳ್ತಿದ್ದೆ.”

ಮಗಳು ಮುಂದೆ ಮಾತಾಡಲಿಲ್ಲ. ಆ ಹನ್ನೊಂದು ದಿನಗಳಲ್ಲಿ ಹಿಂದಿನ ರೂಪಗಳೆಲ್ಲ ಭಂಡಾರದಿಂದ ಅಳಿದುಹೋಗಿದ್ದವು.

ಒತ್ತೆಹಣ ಕೊಟ್ಟುಬಿಡೋಣವೇ ಎಂದು ಮೇಷ್ಟರು ಕೇಳಿದರು, ಪಿಂಚಣಿಯ ಉಳಿತಾಯವಿತ್ತು. ಕೊಟ್ಟರೂ ಕೀಲಿಕೈ ಬರುತ್ತದೆಂಬ ಭರವಸೆಯಿಲ್ಲ, ಕೊಟ್ಟವರನ್ನು ಮತ್ತೆ ಹುಡುಕಿಕೊಂಡು ಬರುವುದೂ ಉಂಟು ಎಂದು ಮಗಳು ತಡೆದಳು. ಸರ್ಕಾರದ ಸೈಬರ್ ಅಪರಾಧ ಜಾಲತಾಣದಲ್ಲಿ ದೂರು ದಾಖಲಿಸಿದಳು. ಡಚ್ಚರ ಪೊಲೀಸರೂ ಯೂರೋಪಿನ ಪೊಲೀಸು ಸಂಸ್ಥೆಯಾದ ಯೂರೋಪೋಲೂ ಖಾಸಗಿ ಸಂಸ್ಥೆಗಳೊಡನೆ ಸೇರಿ 2016ರಲ್ಲಿ ಆರಂಭಿಸಿದ ‘ನೋ ಮೋರ್ ರ್ಯಾನ್ಸಮ್’ ಎಂಬ ತಾಣವೊಂದಿದೆ. ಭೇದಿಸಲಾಗಿರುವ ಬೀಗಗಳಿಗೆ ಅಲ್ಲಿ ಕೀಲಿಕೈ ಧರ್ಮಾರ್ಥವಾಗಿ ಸಿಗುತ್ತದೆ. ಮೇಷ್ಟರ ಕಡತಗಳಿಗೆ ಬಿದ್ದ ಬೀಗ ಆ ಪಟ್ಟಿಯಲ್ಲಿರಲಿಲ್ಲ.

ಹಾಗಾದರೆ ಉಳಿದದ್ದೇನು? ಮೇಷ್ಟರು ‘ಕಾಪಾಡಿ’ ಇಟ್ಟದ್ದು ಯಾವುದೂ ಉಳಿಯಲಿಲ್ಲ. ಕೈಬಿಟ್ಟು ಕೊಟ್ಟದ್ದು ಉಳಿಯಿತು. ಹಿಂದಿನ ಯುಗಾದಿಯಲ್ಲಿ ಮಗಳು ಕೇಳಿದಳೆಂದು ಅಲ್ಲಿಯವರೆಗಿನ ಹಾಡುಗಳನ್ನೆಲ್ಲ ಒಂದು ಪೆನ್‌ಡ್ರೈವಿಗೆ ಹಾಕಿಕೊಟ್ಟಿದ್ದರು. ಅದು ಮೈಸೂರಿನ ಮನೆಯ ಬೀರುವಿನಲ್ಲಿ ಭದ್ರವಾಗಿತ್ತು. ಪಿರಿಯಾಪಟ್ಟಣದಲ್ಲಿರುವ ನಾದಿನಿಗೆ ಮದುವೆಯ ಮನೆಯಲ್ಲಿ ಬೇಕೆಂದು ಆರತಿಯ ಹಾಡೊಂದನ್ನು ಆ ಬಳಿಕ ವಾಟ್ಸಪ್ಪಿನಲ್ಲಿ ಕಳುಹಿಸಿದ್ದರು. ಅದು ಆಕೆಯ ಫೋನಿನಲ್ಲಿತ್ತು. ಯುಗಾದಿಯಿಂದ ಕಾರ್ತಿಕದವರೆಗೆ, ಮನೆಯಾಕೆಯ ಕಡೆಯ ತಿಂಗಳುಗಳಲ್ಲಿ ಹಿಡಿದಿಟ್ಟ ಧ್ವನಿಯಲ್ಲಿ ಆ ಒಂದು ಹಾಡಲ್ಲದೆ ಬೇರೇನೂ ದಕ್ಕಲಿಲ್ಲ.

ಈ ಮಾತು ಕನ್ನಡಿಗರಿಗೆ ಹೊಸದಲ್ಲ. ಹತ್ತನೆಯ ಶತಮಾನದಲ್ಲಿ ದಾನಚಿಂತಾಮಣಿ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣವನ್ನು ಸಾವಿರ ಪ್ರತಿ ಮಾಡಿಸಿ ಹಂಚಿದಳು. ಅಚ್ಚಿನ ಯಂತ್ರವಿಲ್ಲದ ಕಾಲ. ಒಂದೊಂದು ಪ್ರತಿಯನ್ನೂ ಲಿಪಿಕಾರ ತಾಳೆಗರಿಯ ಮೇಲೆ ಕಂಟದಿಂದ ಕೊರೆಯಬೇಕಾಗಿತ್ತು. ಪುಣ್ಯಕ್ಕೆಂದು ಮಾಡಿದ ಆ ದಾನ ಕಾವ್ಯವನ್ನು ಉಳಿಸುವ ಉಪಾಯವೂ ಆಯಿತು. ಸಾವಿರ ಮನೆಗಳಿಗೆ ಒಂದೇ ದಿನ ಬೆಂಕಿ ಬೀಳಲಾರದು. ಶಾಂತಿಪುರಾಣ ಇಂದಿಗೂ ನಮ್ಮ ಕೈಯಲ್ಲಿದೆ. ಅದೇ ಅತ್ತಿಮಬ್ಬೆಯ ಆಶ್ರಯದಲ್ಲಿ ಅಜಿತಪುರಾಣವನ್ನು ಬರೆದ ರನ್ನನ ಪರಶುರಾಮಚರಿತ, ಚಕ್ರೇಶ್ವರಚರಿತಗಳು ಹೆಸರು ಮಾತ್ರ ಉಳಿಸಿ ಮರೆಯಾದವು. ಒಂದನೆಯ ಗುಣವರ್ಮನ ಕಾವ್ಯಗಳದೂ ಅದೇ ಗತಿ. ಬೇರೆಯವರು ಉದಾಹರಿಸಿದ ಬಿಡಿ ಪದ್ಯಗಳಷ್ಟೇ ಅವನ ಪಾಲಿಗೆ ದಕ್ಕಿದವು. ಕೌಟಿಲ್ಯನ ಅರ್ಥಶಾಸ್ತ್ರ ಶತಮಾನಗಳ ಕಾಲ ಕಣ್ಮರೆಯಾಗಿದ್ದು, ಮೈಸೂರಿನ ಪ್ರಾಚ್ಯ ಪುಸ್ತಕ ಭಂಡಾರಕ್ಕೆ ಬಂದ ತಾಳೆಗರಿಯ ಕಟ್ಟೊಂದರಲ್ಲಿ 1905ರಲ್ಲಿ ಆರ್. ಶಾಮಶಾಸ್ತ್ರಿಗಳ ಕಣ್ಣಿಗೆ ಬಿತ್ತು, 1909ರಲ್ಲಿ ಅಚ್ಚಾಯಿತು. ಆ ಕಟ್ಟಿಗೆ ಗೆದ್ದಲು ಮೊದಲೇ ಹತ್ತಿದ್ದರೆ ಏನಾಗುತ್ತಿತ್ತೋ!

ಪ್ರತಿಯಿದ್ದರೆ ಸಾಲದು, ಅದು ಬೇರೆ ಜಾಗದಲ್ಲಿರಬೇಕೆಂಬುದಕ್ಕೆ ಹೊಸ ಅಗ್ರಹಾರದವರು ದೂರ ನೋಡಬೇಕಾದುದಿಲ್ಲ. ಅವರು ಸಂತೆಗೂ ಕಚೇರಿಗೂ ಹೋಗುವ ಕೃಷ್ಣರಾಜನಗರವೇ ಸಾಕ್ಷಿ. ಹಿಂದಿನ ಊರು ಎಡತೊರೆ; ಕಾವೇರಿಯ ದಡದಲ್ಲೇ ಇತ್ತು. 1920ರ ದಶಕದಲ್ಲಿ ನೆರೆಯ ಹಾವಳಿಗೆ ಆ ಊರು ನಲುಗಿದ ಮೇಲೆ ಹೊಳೆಯಿಂದ ದೂರಕ್ಕೆ ಹೊಸ ಪಟ್ಟಣವನ್ನು ಕಟ್ಟಿ, ನಾಲ್ವಡಿ ಕೃಷ್ಣರಾಜ ಒಡೆಯರ ಹೆಸರನ್ನಿಟ್ಟರು. ಹೊಸ ಊರನ್ನೂ ಅದೇ ದಡದ ಮೇಲೆ ಕಟ್ಟಿದ್ದರೆ ಮುಂದಿನ ನೆರೆಗೆ ಅದೂ ತುತ್ತಾಗುತ್ತಿತ್ತು. ಕಂಪ್ಯೂಟರಿಗೆ ಸದಾ ತಗುಲಿಸಿಟ್ಟ ಡಿಸ್ಕು ಅದೇ ದಡದಲ್ಲಿ ಕಟ್ಟಿದ ಎರಡನೆಯ ಊರು.

ಅಮೆರಿಕದ ಛಾಯಾಗ್ರಾಹಕ ಪೀಟರ್ ಕ್ರೋಗ್ ಎಂಬಾತ ಪ್ರಚಾರಕ್ಕೆ ತಂದ ‘ಮೂರು-ಎರಡು-ಒಂದು’ ಎಂಬ ಸೂತ್ರ ಹೇಳುವುದೂ ಇದನ್ನೇ. ಬೇಕಾದುದರ ಪ್ರತಿ ಮೂರಿರಲಿ. ಅವು ಎರಡು ಬಗೆಯ ಸಾಧನಗಳ ಮೇಲಿರಲಿ. ಒಂದು ಮನೆಯಿಂದ ಹೊರಗಿರಲಿ. ಮಗಳು ಒಂದು ವಾರದ ರಜ ಹಾಕಿ, ಮೇಷ್ಟರ ಮನೆಯಲ್ಲಿ ಈ ಸೂತ್ರವನ್ನು ಆಚರಣೆಗೆ ತಂದಳು.

ಮೊದಲ ಕೆಲಸ ಕಾವಲು. ಯಂತ್ರವನ್ನು ಪೂರ್ತಿ ಅಳಿಸಿ ಹೊಸದಾಗಿ ಸಿದ್ಧಪಡಿಸಿ, ಪರಿಷ್ಕರಣೆಗಳು ತಾವಾಗಿಯೇ ಬರುವಂತೆ ಮಾಡಿದಳು. ಈ ವಿಷಯದಲ್ಲಿ ಹಳೆಯ ಕಂಪ್ಯೂಟರಿನವರು ಒಂದನ್ನು ನೆನಪಿಡಬೇಕು: ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟ್ ಕೊಡುತ್ತಿದ್ದ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ. ಕೇಡು ಹುಡುಕುವ ರಕ್ಷಣಾ ತಂತ್ರಾಂಶ ವಿಂಡೋಸಿನೊಳಗೆ ಈಗ ಮೊದಲೇ ಇರುತ್ತದೆ. 2017ರ ಕಡೆಯಲ್ಲಿ ಅದಕ್ಕೆ ಸೇರಿದ ಒಂದು ಏರ್ಪಾಡು ಗೃಹಸ್ಥರಿಗೆ ಬಹಳ ಉಪಯುಕ್ತ. ಹೆಸರು ‘ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್’. ಹಳೆಯ ಕಾವಲುಗಾರ ಕಳ್ಳರ ಮುಖಪರಿಚಯದ ಪಟ್ಟಿ ಹಿಡಿದು ನಿಲ್ಲುತ್ತಿದ್ದ. ಹೊಸ ಕಳ್ಳ ಬಂದರೆ ಗುರುತು ಸಿಗುತ್ತಿರಲಿಲ್ಲ. ಈ ಕಾವಲುಗಾರನದು ಬೇರೆ ಕ್ರಮ: ನಂಬಿಕಸ್ಥರ ಪಟ್ಟಿಯಲ್ಲಿಲ್ಲದ ಯಾವ ತಂತ್ರಾಂಶಕ್ಕೂ ಕಾದಿಟ್ಟ ಕಡತಗಳನ್ನು ಮುಟ್ಟಿ ತಿದ್ದಲು ಬಿಡನು. ಆದರೆ ಅವನು ತಾನಾಗಿ ಕೆಲಸಕ್ಕೆ ಬರುವುದಿಲ್ಲ. ಮನೆಯವರೇ ಹುಡುಕಿ ನೇಮಿಸಬೇಕು. ನೇಮಿಸಿದ ದಿನವೇ ಮೇಷ್ಟರ ಹಳೆಯ ಕನ್ನಡ ಬರೆಹದ ತಂತ್ರಾಂಶವನ್ನು ಅವನು ಬಾಗಿಲಲ್ಲೇ ತಡೆದ. “ಯಜಮಾನನನ್ನೇ ಒಳಕ್ಕೆ ಬಿಡ್ತಿಲ್ಲವಲ್ಲಮ್ಮ, ತೆಗೆದುಹಾಕು ಇದನ್ನ” ಎಂದು ಮೇಷ್ಟರು ರೇಗಿದರು. ಮಗಳು ಆ ತಂತ್ರಾಂಶದ ಹೆಸರನ್ನು ನಂಬಿಕಸ್ಥರ ಪಟ್ಟಿಗೆ ಸೇರಿಸಿದಳು. ಕಾವಲು ಅಡ್ಡಿ ಬಂತೆಂದು ಕಾವಲುಗಾರನನ್ನೇ ಓಡಿಸುವುದು ಬಹಳ ಮನೆಗಳಲ್ಲಿ ನಡೆಯುವ ತಪ್ಪು.

ಎರಡನೆಯದು ಪ್ರತಿ. ಆಪಲ್ ಕಂಪ್ಯೂಟರುಗಳಲ್ಲಿ 2007ರಲ್ಲಿ ಬಂದ ‘ಟೈಮ್ ಮೆಷಿನ್’, ವಿಂಡೋಸಿನಲ್ಲಿ 2012ರಲ್ಲಿ ಬಂದ ‘ಫೈಲ್ ಹಿಸ್ಟರಿ’ ಇವುಗಳ ಗುಣವೆಂದರೆ, ಕಡತ ಬದಲಾದಾಗ ಹಳೆಯದರ ಮೇಲೆ ಹೊಸದನ್ನು ಹೇರದೆ, ಹಿಂದಿನ ರೂಪಗಳನ್ನೂ ಒಂದರ ಹಿಂದೆ ಒಂದಾಗಿ ಇಟ್ಟುಕೊಳ್ಳುವುದು. ಇಂದು ಕೆಟ್ಟರೆ ನಿನ್ನೆಯದನ್ನು ತೆಗೆಯಬಹುದು, ನಿನ್ನೆಯದೂ ಕೆಟ್ಟಿದ್ದರೆ ಮೊನ್ನೆಯದನ್ನು. ಮೈಕ್ರೋಸಾಫ್ಟಿನ ಒನ್‌ಡ್ರೈವ್ ಭಂಡಾರದಲ್ಲಿ ಚಂದಾದಾರರು 30 ದಿನಗಳೊಳಗಿನ ಯಾವ ದಿನಕ್ಕಾದರೂ ಎಲ್ಲ ಕಡತಗಳನ್ನೂ ಒಟ್ಟಿಗೆ ಹಿಂದಿರುಗಿಸಿಕೊಳ್ಳುವ ಅನುಕೂಲ 2018ರಿಂದ ಇದೆ. ಮೇಷ್ಟರು ನಲವತ್ತೊಂದು ದಿನ ಕಳೆದದ್ದನ್ನು ನೆನೆದರೆ ಇಂಥ ಅನುಕೂಲದ ಬೆಲೆಯೂ ಮಿತಿಯೂ ಒಟ್ಟಿಗೆ ತಿಳಿಯುತ್ತವೆ. ಆದಕಾರಣ ಮಗಳು ಡಿಸ್ಕುಗಳನ್ನು ಎರಡು ಮಾಡಿದಳು. ಒಂದು ಮೇಷ್ಟರ ಬೀರುವಿನಲ್ಲಿರುತ್ತದೆ. ಭಾನುವಾರ ಅರ್ಧ ಗಂಟೆ ಜೋಡಿಸಿ, ಪ್ರತಿ ತೆಗೆದು, ಮತ್ತೆ ಕಿತ್ತಿಡುವುದು. ಇನ್ನೊಂದು ಮೈಸೂರಿನಲ್ಲಿ, ಹಬ್ಬಕ್ಕೆ ಬಂದಾಗಲೆಲ್ಲ ಅದಕ್ಕೆ ಹೊಸ ಪ್ರತಿ. ತಂತಿಯಿಲ್ಲದ ಡಿಸ್ಕಿಗೆ ಯಾವ ಕಳ್ಳನ ಕೈಯೂ ಎಟುಕದು.

ಮೂರನೆಯದು ಬೀಗ. ಹೊಸ ಕಾಲದ ಹಲವು ತಂತ್ರಾಂಶಗಳು ಪ್ರತಿಗಳನ್ನು ಗೂಢಲಿಪಿಯಲ್ಲಿ ಇಡಬಲ್ಲವು. ಹಾಗಿಟ್ಟರೆ ಡಿಸ್ಕನ್ನು ಕದ್ದರೂ ಓದಲು ಬಾರದು. ವಿಂಡೋಸ್ 11ರ 2024ರ ಆವೃತ್ತಿಯನ್ನು ಹೊಸದಾಗಿ ಹಾಕಿ ಮೈಕ್ರೋಸಾಫ್ಟ್ ಖಾತೆಯಿಂದ ಪ್ರವೇಶಿಸಿದರೆ ಈ ಬೀಗ ಸಾಮಾನ್ಯವಾಗಿ ತಾನಾಗಿಯೇ ಬೀಳುತ್ತದೆ. ಅದನ್ನು ಕಷ್ಟಕಾಲದಲ್ಲಿ ತೆರೆಯಲು 48 ಅಂಕಿಗಳ ಕೀಲಿಕೈ ಬೇಕು. ವಾಟ್ಸಪ್ಪಿನ ಮರುಪ್ರತಿಗೂ 2021ರಿಂದ ಇಂಥ ಬೀಗವನ್ನು ಹಾಕಿಕೊಳ್ಳಬಹುದು. ಅದರ ಗುಪ್ತಪದವೋ 64 ಅಂಕೆ-ಅಕ್ಷರಗಳ ಕೀಲಿಯೋ ಮರೆತುಹೋದರೆ ಆ ಸಂಸ್ಥೆಯವರೂ ತೆರೆದುಕೊಡಲಾರರು. ಕಳ್ಳನಿಗೆ ಹಾಕಿದ ಬೀಗ ಒಡೆಯನನ್ನೇ ಹೊರಗೆ ನಿಲ್ಲಿಸುವ ಅಪಾಯ ಇಲ್ಲಿದೆ. ಎಷ್ಟೋ ಮನೆಗಳಲ್ಲಿ ಕೀಲಿಯ ಗುಟ್ಟನ್ನು ಬಲ್ಲವರು ಒಬ್ಬರೇ. ಅವರು ಕಣ್ಣು ಮುಚ್ಚಿದರೆ ಮಕ್ಕಳ ಮದುವೆಯ ಚಿತ್ರಗಳೂ ಮನೆಯ ಲೆಕ್ಕಪತ್ರಗಳೂ ಅವರೊಡನೆಯೇ ಹೋಗುತ್ತವೆ. ಮೇಷ್ಟರು ಆ 48 ಅಂಕಿಗಳನ್ನು ದುಂಡಗೆ ಕಾಗದದ ಮೇಲೆ ಬರೆದರು. ಒಂದು ಹಾಳೆ ಜಮೀನಿನ ಪತ್ರಗಳ ಪೆಟ್ಟಿಗೆಗೆ, ಇನ್ನೊಂದು ಮಗಳ ಕೈಗೆ.

ಇಷ್ಟೆಲ್ಲ ಆದ ಮೇಲೆ ಇನ್ನೊಂದು ತೊಡಕು ಕಾಣಿಸಿಕೊಂಡಿತು. ಮೈಸೂರಿನಿಂದ ಬಂದ ಪೆನ್‌ಡ್ರೈವಿನಲ್ಲಿದ್ದ ಟೈಪು ಮಾಡಿದ ಹಾಡುಗಳನ್ನು ಹೊಸದಾಗಿ ಸಿದ್ಧಪಡಿಸಿದ ಯಂತ್ರದಲ್ಲಿ ತೆರೆದರೆ ಕನ್ನಡದ ಬದಲಿಗೆ ಕೊಂಬು ಬಾಲಗಳಿರುವ ರೋಮನ್ ಅಕ್ಷರಗಳ ರಾಶಿ! ಮೇಷ್ಟರ ಎದೆ ಒಡೆಯಿತು. ಇದಕ್ಕೂ ಕಳ್ಳ ಕೈಯಿಟ್ಟನೆಂದೇ ತಿಳಿದರು. ಆದರೆ ಇದು ಕಳ್ಳನ ಕೆಲಸವಲ್ಲ. ಕನ್ನಡ ಗಣಕ ಪರಿಷತ್ತಿನ ‘ನುಡಿ’, ಶೇಷಾದ್ರಿವಾಸು ಅವರ ‘ಬರಹ’ ಮೊದಲಾದ ತಂತ್ರಾಂಶಗಳ ಹಳೆಯ ಕ್ರಮದಲ್ಲಿ ಕನ್ನಡದ ಅಕ್ಷರಭಾಗಗಳನ್ನು ರೋಮನ್ ಅಕ್ಷರಗಳ ಸ್ಥಾನದಲ್ಲಿ ಕೂರಿಸುತ್ತಿದ್ದರು. ಆ ಅಚ್ಚಿನ ಮೊಳೆ, ಎಂದರೆ ಫಾಂಟು, ಯಂತ್ರದಲ್ಲಿ ಇಲ್ಲದಿದ್ದರೆ ಕನ್ನಡ ಕಾಣುವುದೇ ಇಲ್ಲ. ಫಾಂಟನ್ನು ಹಾಕಿದ ಮೇಲೆ ಹಾಡುಗಳು ಮತ್ತೆ ಕನ್ನಡವಾದವು. ಎಲ್ಲ ಯಂತ್ರಗಳೂ ಒಪ್ಪುವ ಯೂನಿಕೋಡ್ ಕ್ರಮಕ್ಕೆ ಅವನ್ನು ಪರಿವರ್ತಿಸಿ, ತಪ್ಪಾದ ಒತ್ತಕ್ಷರಗಳನ್ನು ತಿದ್ದಲು ಮೇಷ್ಟರಿಗೆ ಎರಡು ತಿಂಗಳು ಹಿಡಿಯಿತು. ಹಳೆಯ ಕನ್ನಡ ಕಡತಗಳನ್ನು ಕೂಡಿಟ್ಟಿರುವವರೆಲ್ಲ ಈ ಕೆಲಸವನ್ನು ಈಗಲೇ ಮಾಡಿಕೊಳ್ಳುವುದು ಕ್ಷೇಮ. ಓದಲು ಬಾರದ ಪ್ರತಿ ಇದ್ದೂ ಇಲ್ಲದಂತೆಯೇ.

ಅಂದಿನಿಂದ ಮೇಷ್ಟರು ಒಂದು ವ್ರತ ಹಿಡಿದಿದ್ದಾರೆ. ಬಿತ್ತನೆಯ ಬತ್ತವನ್ನು ಹೊಲಕ್ಕೆ ಚೆಲ್ಲುವ ಮುಂಚೆ ಒಂದು ಹಿಡಿಯನ್ನು ಒದ್ದೆ ಬಟ್ಟೆಯಲ್ಲಿ ಕಟ್ಟಿಟ್ಟು, ಮೊಳಕೆ ಬರುತ್ತದೆಯೇ ಎಂದು ನೋಡುವುದುಂಟಷ್ಟೆ. ಅದರಂತೆ ಆಯುಧಪೂಜೆಯ ದಿನ ಕಂಪ್ಯೂಟರಿಗೆ ಅರಿಸಿನ ಕುಂಕುಮ ಹಚ್ಚಿದ ಮೇಲೆ, ಎರಡು ಡಿಸ್ಕುಗಳನ್ನೂ ಒಂದಾದ ಮೇಲೊಂದು ಜೋಡಿಸಿ, ಅಲ್ಲಲ್ಲಿ ಹತ್ತು ಕಡತಗಳನ್ನು ತೆರೆದು ಪರೀಕ್ಷಿಸುತ್ತಾರೆ. ತೆರೆದರೆ ಆ ವರ್ಷಕ್ಕೆ ನಿಶ್ಚಿಂತೆ.

ಮೊದಲ ವರ್ಷದ ಆಯುಧಪೂಜೆಗೆ ಮಗಳೂ ಪಿರಿಯಾಪಟ್ಟಣದ ನಾದಿನಿಯೂ ಬಂದಿದ್ದರು. ಪರೀಕ್ಷೆಗೆಂದು ಮೇಷ್ಟರು ಒತ್ತಿದ ಕಡತ ಅದೇ ಆರತಿಯ ಹಾಡಾಗಿತ್ತು. ನಡುವೆ ಮನೆಯಾಕೆ ಕೆಮ್ಮಿ, “ತಡೀರಿ, ಸೊಲ್ಲು ತಪ್ಪಿತು” ಎಂದು ಮತ್ತೆ ಮೊದಲಿನಿಂದ ಹಾಡುತ್ತಾರೆ. ಟೈಪು ಮಾಡಿದ ಹಾಳೆಯಲ್ಲಿ ಆ ಮಾತಿಲ್ಲ. ಹಾಡು ಮುಗಿಯುವವರೆಗೆ ಯಾರೂ ಉಸಿರೆತ್ತಲಿಲ್ಲ. ಹಾಡನ್ನು ಕೇಳಿ ಪಕ್ಕದ ಮನೆಯ ಇಬ್ಬರು ಹೆಂಗಸರು ಬಾಗಿಲಿಗೆ ಬಂದು ನಿಂತಿದ್ದರು.

“ಮೇಷ್ಟ್ರೇ, ನಮ್ಮ ಫೋನಿಗೂ ಇದನ್ನ ಹಾಕ್ಕೊಡ್ತೀರಾ?” ಎಂದು ಒಬ್ಬಾಕೆ ಕೇಳಿದಳು.

ಒಂದು ವರ್ಷದ ಹಿಂದೆಯಾಗಿದ್ದರೆ ಮೇಷ್ಟರು, ಪುಸ್ತಕವಾಗಿ ಅಚ್ಚಾಗಲಿ ತಾಯಿ, ಆಮೇಲೆ ಕೊಡೋಣ ಎನ್ನುತ್ತಿದ್ದರು. ಈಗ ಹಾಗೆನ್ನಲಿಲ್ಲ. “ಒಂದೇ ಯಾಕಮ್ಮ, ಎಲ್ಲಾನೂ ಹಾಕ್ಕೊಡ್ತೀನಿ, ಬನ್ನಿ ಒಳಗೆ” ಎಂದು ಕುರ್ಚಿಯಿಂದ ಎದ್ದು ಚಾಪೆ ಹಾಸಿದರು.